ಮಾಲೀಕ ಬೀಗ ಹಾಕಿ ಹೋದ ಮೇಲೆ

ಕೇಳುಗರಿಗೆಲ್ಲ ನಮಸ್ಕಾರ.

ಕಮ್ಯುನಿಸ್ಟ್ ಸರ್ಕಾರ ಅಂದ ಕೂಡಲೇ ನಮ್ಮಲ್ಲಿ ಎರಡು ಮಾತು ತಯಾರಿರುತ್ತವೆ. ಬಡವರಿಗೆ ಭೂಮಿ ಕೊಟ್ಟರು ಅನ್ನುವುದು ಒಂದು, ಕಾರ್ಖಾನೆಗಳನ್ನು ರಾಜ್ಯ ಬಿಟ್ಟು ಓಡುವ ಹಾಗೆ ಮಾಡಿದರು ಅನ್ನುವುದು ಇನ್ನೊಂದು. ಎರಡೂ ಪೂರ್ತಿ ಸುಳ್ಳಲ್ಲ. ಆದರೆ ಮಾಲೀಕ ಹೋದ ಮೇಲೆ ಕೆಲಸಗಾರರ ಗತಿ ಏನಾಯಿತು ಅಂತ ಕೇಳುವವರು ಕಡಿಮೆ. ಇವತ್ತು ಅದನ್ನೇ ಹೇಳುತ್ತೇನೆ. ಕಥೆ ಕೇರಳದ ಕಣ್ಣೂರಿನದು. ಅದರ ಒಂದು ತುದಿ ಮಾತ್ರ ನಮ್ಮ ಮಂಗಳೂರಿನಲ್ಲಿದೆ.

1960ರ ದಶಕದ ಕಣ್ಣೂರು. ಬೀಡಿ ಕಟ್ಟುವ ಷೆಡ್ಡು. ಸಾಲಾಗಿ ಕೂತವರ ಮಡಿಲಲ್ಲಿ ಒಂದೊಂದು ತಟ್ಟೆ, ಅದರಲ್ಲಿ ಕತ್ತರಿಸಿದ ಎಲೆ, ಹೊಗೆಸೊಪ್ಪಿನ ಪುಡಿ. ಕೈ ತನ್ನಷ್ಟಕ್ಕೆ ಸುರುಳಿ ಸುತ್ತುತ್ತದೆ, ನೂಲು ಕಟ್ಟುತ್ತದೆ. ಒಬ್ಬ ಮಾತ್ರ ಬೀಡಿ ಕಟ್ಟುವುದಿಲ್ಲ. ಅವನು ಗಟ್ಟಿಯಾಗಿ ಪೇಪರ್ ಓದುತ್ತಾನೆ. ಅವನ ಕೂಲಿ ತಪ್ಪಬಾರದಲ್ವಾ? ಅದಕ್ಕೆ ಉಳಿದವರು ತಾವು ಕಟ್ಟಿದ್ದರಲ್ಲಿ ಒಂದಿಷ್ಟು ಬೀಡಿ ಅವನ ಪಾಲಿಗೆ ಹಾಕುತ್ತಾರೆ. ಶಾಲೆ ಬಿಟ್ಟವರು ವಿಯೆಟ್ನಾಂ ಯುದ್ಧದ ಬಗ್ಗೆ ವಾದ ಮಾಡುತ್ತಿದ್ದದ್ದು ಹೀಗೆ.

ಇವರಲ್ಲಿ ಸಾವಿರಾರು ಜನ ಮಂಗಳೂರು ಗಣೇಶ ಬೀಡಿ ಕಂಪನಿಗೆ ಕೆಲಸ ಮಾಡುತ್ತಿದ್ದರು. ಕೂಲಿ ಸಾವಿರ ಬೀಡಿಗೆ ಇಷ್ಟು ಎಂಬ ಲೆಕ್ಕ. ಸರಿಯಿಲ್ಲ ಅಂತ ತೆಗೆದಿಟ್ಟ ಬೀಡಿಗೆ ಕಾಸಿಲ್ಲ. ರಜೆ, ಬೋನಸ್ ಕೇಳುವ ಹಾಗೇ ಇಲ್ಲ. ಇದನ್ನು ಸರಿಪಡಿಸಲು ಸಂಸತ್ತು 1966ರಲ್ಲಿ ಬೀಡಿ ಕಾರ್ಮಿಕರ ಕಾಯ್ದೆ ಮಾಡಿತು. ಕಾಯ್ದೆ ಇಡೀ ದೇಶಕ್ಕೆ, ಆದರೆ ಜಾರಿ ಮಾಡುವ ಆತುರ ಯಾರಿಗೂ ಇರಲಿಲ್ಲ. 1967ರಲ್ಲಿ ಎರಡನೇ ಸಲ ಕೇರಳದ ಮುಖ್ಯಮಂತ್ರಿಯಾದ ಕಮ್ಯುನಿಸ್ಟ್ ನಾಯಕ ಇ.ಎಂ.ಎಸ್. ನಂಬೂದಿರಿಪಾಡರ ಸರ್ಕಾರ ಜಾರಿ ಮಾಡಿತು. ಕಂಪನಿ ಏನು ಮಾಡಿತು ಗೊತ್ತಾ? 1968ರಲ್ಲಿ ಕಣ್ಣೂರಿನ ಷೆಡ್ಡುಗಳಿಗೆ ಬೀಗ ಹಾಕಿತು. ಸುಮಾರು 12,000 ಜನ ಬೀದಿಗೆ ಬಂದರು.

ಕಂಪನಿಯ ಲೆಕ್ಕದಲ್ಲಿ ಇದು ಸರಿಯೇ. ಪಕ್ಕದ ರಾಜ್ಯದಲ್ಲಿ ಕೂಲಿ ಕಡಿಮೆ ಇರುವಾಗ ಇಲ್ಲಿ ಯಾಕೆ ಜಾಸ್ತಿ ಕೊಡಬೇಕು? ಪ್ರಜಾಪ್ರಭುತ್ವದೊಳಗೆ ಒಂದೇ ರಾಜ್ಯ ಆಳುವ ಕಮ್ಯುನಿಸ್ಟರ ತಲೆನೋವು ಇದೇ. ಕಾನೂನಿನ ಜಾರಿ ರಾಜ್ಯದ ಗಡಿಯಲ್ಲಿ ನಿಲ್ಲುತ್ತದೆ, ಬಂಡವಾಳ ಬಸ್ಸು ಹತ್ತಿ ಹೋಗುತ್ತದೆ.

1969ರ ಫೆಬ್ರವರಿಯಲ್ಲಿ ಕೆಲಸಗಾರರೇ ಮಾಲೀಕರಾದ ದಿನೇಶ್ ಬೀಡಿ ಸಹಕಾರ ಸಂಘ ಶುರುವಾಯಿತು. ಸರ್ಕಾರ ಷೇರು ಹಣಕ್ಕೆ ಸಾಲ ಕೊಟ್ಟಿತು. ಮೊದಲು 3,000 ಜನ. 1980ರ ದಶಕದ ಹೊತ್ತಿಗೆ 30,000 ದಾಟಿತು. ಬೋನಸ್ಸು, ಪಿ.ಎಫ್., ಹೆರಿಗೆ ರಜೆ ಎಲ್ಲ ಬಂತು. ಸರ್ಕಾರದ ದುಡ್ಡಿನಿಂದಷ್ಟೇ ಇದು ಆಗಲಿಲ್ಲ. ಒಂದೇ ಸೂರಿನಡಿ ಕೂತು ಒಂದೇ ಪೇಪರ್ ಕೇಳಿದವರಿಗೆ ಸಂಘ ನಡೆಸುವುದು ಹೊಸ ವಿಷಯವಾಗಿರಲಿಲ್ಲ. ಆದರೆ ನಮ್ಮ ದಕ್ಷಿಣ ಕನ್ನಡದಲ್ಲಿ ಬೀಡಿ ಕಟ್ಟುವ ಕೆಲಸ ಮನೆ ಜಗಲಿಗೆ ಬಂತು. ಹೆಂಗಸರು ಅಡುಗೆ ನಡುವೆ ಕಟ್ಟುತ್ತಾರೆ, ಬ್ರಾಂಚಿಗೆ ಹೋಗಿ ಕೊಟ್ಟು ಬರುತ್ತಾರೆ. ಯೂನಿಯನ್ ಇಲ್ಲೂ ಇದೆ. ಆದರೆ ದಿನವಿಡೀ ಜೊತೆ ಕೂರುವ ಬಲವೇ ಬೇರೆ.

ಭೂಮಿಯ ಕಥೆ ಬಹಳ ಸಲ ಕೇಳಿದ್ದೀರಿ. ಕೇರಳದ ಕಮ್ಯುನಿಸ್ಟರು 1957ರ ಏಪ್ರಿಲ್‌ನಲ್ಲಿ ಅಧಿಕಾರಕ್ಕೆ ಬಂದು ವಾರದೊಳಗೆ ಒಕ್ಕಲೆಬ್ಬಿಸುವುದನ್ನು ತಡೆದರು. 1959ರಲ್ಲಿ ಕೇಂದ್ರ ಆ ಸರ್ಕಾರವನ್ನೇ ವಜಾ ಮಾಡಿತು. ಗೇಣಿ ಪದ್ಧತಿ ಹೋದದ್ದು 1970ರ ಜನವರಿ 1ಕ್ಕೆ. ಹಳ್ಳಿಯಲ್ಲಿ ಗುಡಿಸಲು ಹಾಕಿಕೊಂಡಿದ್ದವರು 10 ಸೆಂಟ್ಸ್ ಜಾಗ ಪಡೆಯುವಂತಾಯಿತು. ಆದರೆ ಟೀ, ರಬ್ಬರ್ ತೋಟಗಳನ್ನು ಕಾನೂನು ಮುಟ್ಟಲಿಲ್ಲ. ಗದ್ದೆಯಲ್ಲಿ ದುಡಿದ ದಲಿತರಲ್ಲಿ ಹೆಚ್ಚಿನವರಿಗೆ ಸಿಕ್ಕಿದ್ದು ಮನೆ ಜಾಗ, ಗದ್ದೆಯಲ್ಲ. ಈ ಮಾತನ್ನು ಪಕ್ಷದ ಅಭಿಮಾನಿಗಳು ಸುಮ್ನೆ ದಾಟಿಸಿಬಿಡುತ್ತಾರೆ.

ಪಶ್ಚಿಮ ಬಂಗಾಳದ ಕಮ್ಯುನಿಸ್ಟರೂ 1978ರಿಂದ ಗೇಣಿದಾರರ ಹೆಸರನ್ನು ದಾಖಲೆಗೆ ಹತ್ತಿಸಿದರು. ಅವರದೇ ಎಡರಂಗ ಸರ್ಕಾರ 2006ರಲ್ಲಿ ಸಿಂಗೂರಿನಲ್ಲಿ ಟಾಟಾ ಕಾರು ಕಾರ್ಖಾನೆಗೆ ಸುಮಾರು 1,000 ಎಕರೆ ಹಿಡಿಯಲು ಹೊರಟಿತು. ಉದ್ಯೋಗ ಬೇಕಿತ್ತು, ನಿಜ. ಕೊಡಲೊಲ್ಲದ ರೈತರನ್ನು ಒಪ್ಪಿಸುವ ತಾಳ್ಮೆ ಇರಲಿಲ್ಲ. 2008ರಲ್ಲಿ ಟಾಟಾ ಗುಜರಾತಿಗೆ ಹೋಯಿತು, 2011ರಲ್ಲಿ ಸರ್ಕಾರವೂ ಹೋಯಿತು. ಕಣ್ಣೂರಿನಲ್ಲಿ ಕಂಪನಿ ಹೋದಾಗ ಜನ ಪಕ್ಷದ ಜೊತೆಗಿದ್ದರು. ಸಿಂಗೂರಿನಲ್ಲಿ ಕಂಪನಿಯನ್ನು ಕರೆತರಲು ಹೋಗಿ ಪಕ್ಷ ಆ ಜನರನ್ನೇ ಎದುರು ಹಾಕಿಕೊಂಡಿತು.

ದಿನೇಶ್ ಬೀಡಿಗೂ ಕಷ್ಟ ಬಂತು. ಬೀಡಿ ಸೇದುವವರು ಕಡಿಮೆಯಾದರು. ಆರೋಗ್ಯದ ದೃಷ್ಟಿಯಿಂದ ಅದು ಒಳ್ಳೆಯದೇ. ಸಂಘ ಕೊಡೆ, ತೆಂಗಿನ ಹಾಲು, ಸಿದ್ಧ ಉಡುಪು, ಸಾಫ್ಟ್‌ವೇರ್ ಅಂತ ಹೊಸ ದಾರಿ ಹಿಡಿಯಿತು. ಆದರೆ ಬೀಡಿ ಕೊಟ್ಟಷ್ಟು ಕೈಗಳಿಗೆ ಅವು ಕೆಲಸ ಕೊಡಲಾರವು. ಓದು ಕಲಿತ ಕೇರಳದ ಹುಡುಗರು ಗಲ್ಫಿಗೆ ಹೋದರು, ಈಗ ಬೆಂಗಳೂರಿಗೂ ಬರುತ್ತಾರೆ. ಅವರಿಗೆ ಊರಲ್ಲೇ ತಕ್ಕ ಕೆಲಸ ಕೊಡುವುದು ಹೇಗೆ ಅನ್ನುವುದಕ್ಕೆ ಅಲ್ಲಿನ ಪಕ್ಷದ ಬಳಿ ದಿನೇಶ್ ಬೀಡಿಯಂಥ ಉತ್ತರ ಇನ್ನೂ ಇಲ್ಲ.

ನಮಸ್ಕಾರ.