ಗಾಡಿ ಹಿಡಿದರು, ಮುಂದೇನು?

ಕೇಳುಗರಿಗೆಲ್ಲ ನಮಸ್ಕಾರ.

ಯಾವುದಾದರೂ ಪೊಲೀಸ್ ಠಾಣೆಯ ಹಿಂಬದಿಗೆ ಹೋಗಿ ನೋಡಿ. ಟೈರು ಮಣ್ಣಲ್ಲಿ ಹೂತ ಆಟೋ, ಸೀಟಿನ ಸ್ಪಂಜು ಕಿತ್ತುಬಂದ ಬೈಕು, ಬಾನೆಟ್ ಮೇಲೆ ಬಳ್ಳಿ ಹಬ್ಬಿದ ಟೆಂಪೊ. ಹಿಡಿದ ದಿನ ಇವೆಲ್ಲ ಓಡುತ್ತಿದ್ದ ಗಾಡಿಗಳೇ. ಕೇಸು ಮುಗಿಯುವ ತನಕ ಗಾಡಿ ಸಿಗೋದಿಲ್ಲ ಅಂತ ಯಾರೋ ಹೇಳಿರುತ್ತಾರೆ, ಮಾಲೀಕರು ನಂಬಿ ಸುಮ್ನೆ ಕೂತಿರುತ್ತಾರೆ. ಆ ಮಾತು ನಿಜವಲ್ಲ.

ಮೊದಲು ಒಂದು ಪ್ರಶ್ನೆ ಕೇಳಿ. ಗಾಡಿ ಹಿಡಿದವರು ಯಾರು, ಯಾವ ಕಾನೂನಿನಡಿ? ಮಹಜರಿನ (ಹಿಡಿದಾಗ ಸಾಕ್ಷಿಗಳ ಮುಂದೆ ಬರೆಯುವ ಪಟ್ಟಿ) ಪ್ರತಿ ಅಥವಾ ರಸೀದಿಯಲ್ಲಿ ಅದು ಬರೆದಿರುತ್ತದೆ. ಉತ್ತರ ಗೊತ್ತಾಗದೆ ವಕೀಲರ ಬಳಿ ಓಡಿದರೂ ಕೆಲಸ ಆಗುವುದಿಲ್ಲ.

ನೋಂದಣಿ, ಲೈಸೆನ್ಸ್ ಅಥವಾ ಪರ್ಮಿಟ್ ಇಲ್ಲವೆಂದು ಮೋಟಾರು ವಾಹನ ಕಾಯ್ದೆಯ 207ನೇ ಸೆಕ್ಷನ್ ಕೆಳಗೆ ತಡೆದಿದ್ದರೆ ವಿಷಯ ಸುಲಭ. ದಾಖಲೆ ತೋರಿಸಿ ಸಾರಿಗೆ ಅಧಿಕಾರಿಗೆ ಅರ್ಜಿ ಕೊಟ್ಟರೆ ಬಿಡಿಸಿಕೊಳ್ಳಬಹುದು.

ಎಫ್‌ಐಆರ್ ಆಗಿ ಪೊಲೀಸರು ಜಪ್ತಿ ಮಾಡಿದ್ದರೆ ಮಾತು ಬೇರೆ. ಸಾಮಾನ್ಯವಾಗಿ ಆಗ ಬಿಡುಗಡೆಯ ಆದೇಶ ಮಾಡುವವರು ಮ್ಯಾಜಿಸ್ಟ್ರೇಟರು. ದಿನಾ ಠಾಣೆಗೆ ಹೋಗಿ ಕೈಮುಗಿದರೆ ಚಪ್ಪಲಿ ಸವೆಯುತ್ತದೆ ಅಷ್ಟೆ. ಮೊದಲು ಹಳೆಯ ಅಪರಾಧ ಪ್ರಕ್ರಿಯಾ ಸಂಹಿತೆ, ಅಂದರೆ ಸಿಆರ್‌ಪಿಸಿಯ 451 ಮತ್ತು 457ನೇ ಸೆಕ್ಷನ್‌ಗಳಲ್ಲಿ ಅರ್ಜಿ ಹಾಕುತ್ತಿದ್ದರು. 2024ರ ಜುಲೈ 1ರಿಂದ ಅವುಗಳ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497 ಮತ್ತು 503 ಬಂದಿವೆ. ಗುಜರಾತಿನ ಸುಂದರಭಾಯಿ ದೇಸಾಯಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2002ರಲ್ಲೇ ಸ್ಪಷ್ಟವಾಗಿ ಹೇಳಿದೆ: ಹಿಡಿದ ವಾಹನಗಳನ್ನು ಠಾಣೆಯಲ್ಲಿ ದೀರ್ಘಕಾಲ ಇಟ್ಟುಕೊಂಡು ಪ್ರಯೋಜನವಿಲ್ಲ, ಬಾಂಡ್ ಮತ್ತು ಭದ್ರತೆ ಪಡೆದು ಬೇಗ ಆದೇಶ ಮಾಡಬೇಕು. ಇಷ್ಟು ವರ್ಷ ಕಳೆದರೂ ಠಾಣೆಗಳ ಹಿಂಬದಿ ಖಾಲಿಯಾಗಿಲ್ಲ, ಅದು ನಮ್ಮ ವ್ಯವಸ್ಥೆಯ ಚಾಳಿ ಬಿಡಿ.

ಅರ್ಜಿ ಹಾಕಬೇಕಾದವರು ಆರ್‌ಸಿಯಲ್ಲಿ ಹೆಸರಿರುವವರು. ಸೆಕೆಂಡ್ ಹ್ಯಾಂಡ್ ಗಾಡಿ ಕೊಂಡು ಹೆಸರು ಬದಲಾಯಿಸಿಕೊಳ್ಳದವರು ಇಲ್ಲೇ ಒದ್ದಾಡುತ್ತಾರೆ. ಅರ್ಜಿಯ ಜೊತೆ ಆರ್‌ಸಿ, ಇನ್ಶೂರೆನ್ಸ್, ಗುರುತಿನ ಚೀಟಿ ಇರಲಿ. ಇಂಡೆಮ್ನಿಟಿ ಬಾಂಡ್ (ನಷ್ಟವಾದರೆ ತುಂಬಿಕೊಡುತ್ತೇನೆ ಎಂಬ ಮುಚ್ಚಳಿಕೆ), ಶ್ಯೂರಿಟಿ (ಜಾಮೀನು) ಕೇಳುತ್ತಾರೆ. ಗಾಡಿಯ ಫೋಟೋ ತೆಗೆಸುತ್ತಾರೆ. ಮಾರಬಾರದು, ರೂಪ ಬದಲಿಸಬಾರದು, ಕರೆದಾಗ ತಂದು ತೋರಿಸಬೇಕು ಎಂಬ ಷರತ್ತುಗಳು ಮಾಮೂಲು. ಇದು ಮಧ್ಯಂತರ ವಶ ಮಾತ್ರ, ಕೇಸು ಮುಗಿಯುವ ತನಕ ಷರತ್ತು ನಿಮ್ಮ ಬೆನ್ನ ಹಿಂದೆಯೇ ಇರುತ್ತದೆ. ಅರ್ಜಿ ತಿರಸ್ಕಾರವಾದರೆ ಮೇಲಿನ ಕೋರ್ಟಿನ ದಾರಿ ಇದ್ದೇ ಇದೆ.

ಅಪಘಾತ ಮಾಡಿದ ಗಾಡಿಗೆ ಇನ್ಶೂರೆನ್ಸ್ ಇಲ್ಲದಿದ್ದರೆ ಬರೀ ಬಾಂಡ್ ಸಾಲದು. ಗಾಯಾಳುಗಳ ಪರಿಹಾರಕ್ಕೆ ಸಾಕಾಗುವ ಭದ್ರತೆ ಕೊಡಬೇಕು. ಇದು ನ್ಯಾಯವೇ, ಅಲ್ವಾ?

ಕಷ್ಟ ಇರುವುದು ಅರಣ್ಯ ಕೇಸುಗಳಲ್ಲಿ. ಗಂಧದ ಮರವೋ ಬೀಟೆಯೋ ಸಾಗಿಸುವಾಗ ಸಿಕ್ಕ ಲಾರಿಯನ್ನು ಅರಣ್ಯ ಇಲಾಖೆಯ ಅಧಿಕೃತ ಅಧಿಕಾರಿಯೇ ಮುಟ್ಟುಗೋಲು ಹಾಕಿಕೊಳ್ಳಬಹುದು, ಅಂದರೆ ಗಾಡಿ ಸರ್ಕಾರದ್ದೇ ಆಗಿಬಿಡುತ್ತದೆ. ಇಂಥ ವಾಹನಗಳನ್ನು ಸುಲಭವಾಗಿ ಬಿಡಬಾರದೆಂದು ನಮ್ಮ ರಾಜ್ಯದ ಪ್ರಕರಣವೊಂದರಲ್ಲೇ ಸುಪ್ರೀಂ ಕೋರ್ಟ್ 2000ದಲ್ಲಿ ಹೇಳಿತ್ತು. ಆದರೆ ಮುಟ್ಟುಗೋಲಿಗೆ ಮುಂಚೆ ಮಾಲೀಕರಿಗೆ ಲಿಖಿತ ನೋಟಿಸ್ ಕೊಡಲೇಬೇಕು. ಆ ನೋಟಿಸನ್ನು ಟೇಬಲ್ಲಿನ ಮೇಲೆ ಬಿಡಬೇಡಿ. ಡ್ರೈವರ್ ನಿಮಗೆ ತಿಳಿಯದೆ ಮಾಡಿದ್ದ, ನೀವು ಬೇಕಾದ ಎಚ್ಚರಿಕೆ ತಗೊಂಡಿದ್ದಿರಿ ಎಂದು ತೋರಿಸುವ ಹೊಣೆ ನಿಮ್ಮದು. ಟ್ರಿಪ್ ಶೀಟ್, ಬಾಡಿಗೆ ಪತ್ರ, ಜಿಪಿಎಸ್ ದಾಖಲೆ ಆಗ ಕೈ ಹಿಡಿಯುತ್ತವೆ. ಆದೇಶದ ಮೇಲೆ ಮೇಲ್ಮನವಿಯೂ ಉಂಟು, ಗಡುವು ಮೀರಬಾರದು.

ಗಾಂಜಾ ಕೇಸಿನಲ್ಲಿ ಗಾಡಿ ಸಿಗೋದೇ ಇಲ್ಲ ಎನ್ನುವವರಿಗೂ ಉತ್ತರವಿದೆ. ಅಸ್ಸಾಮಿನ ಒಂದು ಪ್ರಕರಣದಲ್ಲಿ, 2025ರ ಜನವರಿಯಲ್ಲಿ, ಮಾದಕ ವಸ್ತುಗಳ ವಿರುದ್ಧದ ಎನ್‌ಡಿಪಿಎಸ್ ಕಾಯ್ದೆಯಡಿಯೂ ಮಧ್ಯಂತರ ಬಿಡುಗಡೆ ಸಾಧ್ಯ ಎಂದು ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿತು.

ವಕೀಲರ ಫೀಜು ಕೊಡಲು ಆಗದವರು ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಸಹಾಯವಾಣಿ 15100. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟಿದ್ದರೂ ಉಚಿತ ನೆರವಿದೆ.

ಗಾಡಿ ವಾಪಸ್ ಪಡೆಯುವಾಗ ಮಹಜರು ಹಿಡಿದು ಒಂದೊಂದೇ ನೋಡಿ. ಬ್ಯಾಟರಿ, ಸ್ಟೆಪ್ನಿ, ಜಾಕ್ ಇದೆಯಾ? ಇಲ್ಲದಿದ್ದರೆ ಸಹಿ ಹಾಕುವ ಮುಂಚೆಯೇ ಬರೆಸಿ. ನಮಸ್ಕಾರ.