384 ಸ್ಟಿಕ್ಕರ್, ಎಲ್ಲದರ ಮೇಲೂ ಬೇರೆ ಯಾರದೋ ಹೆಸರು

ನಮಸ್ಕಾರ. ಕೆಂಪು ದೀಪ ಉರಿಯುತ್ತಿದೆ, ಅಂದರೆ ರೆಕಾರ್ಡ್ ಆಗುತ್ತಿದೆ. ಹೋದ ಸಲ ಅರ್ಧ ಗಂಟೆ ಸುಮ್ನೆ ಮಾತಾಡಿ ಆಮೇಲೆ ನೋಡಿದರೆ ಏನೂ ಇರಲಿಲ್ಲ.

ಇದು ನಮ್ಮ ಊಟದ ಮೇಜು. ಟೋಕಿಯೋ, ನಿಶಿ-ಕಸಾಯ್. ಊಟ ಮಾತ್ರ ಇಲ್ಲ, ಎರಡು ದಿನದಿಂದ ನೆಲದ ಮೇಲೆ ಕೂತು ತಿನ್ನುತ್ತಿದ್ದೇವೆ. ಮೇಜಿನ ತುಂಬ ಪ್ಲಾಸ್ಟಿಕ್ ಕಡ್ಡಿ, ಬಣ್ಣದ ಬಿಲ್ಲೆ, ಆಟದ ಕಾಸು, ಒಂದು ಗಡಿಯಾರ. ಏಪ್ರಿಲ್‌ನಲ್ಲಿ ನಮ್ಮ ಮಗಳು ಸಹನಾ ಒಂದನೇ ಕ್ಲಾಸಿಗೆ ಹೋಗುತ್ತಾಳೆ. ಇದು ಅವಳ ಲೆಕ್ಕದ ಪೆಟ್ಟಿಗೆ. ಇಲ್ಲಿ ಸನ್ಸೂ ಸೆತ್ತೊ ಎನ್ನುತ್ತಾರೆ. ಸೆಟ್ಟು ಅಂತ ನಾವು ಹೇಳುವುದೇ ಅವರ ಬಾಯಲ್ಲಿ ಸೆತ್ತೊ.

ಶಾಲೆಯ ಚೀಟಿಯಲ್ಲಿ ಒಂದು ಸಾಲು ಇದೆ. ಪ್ರತಿ ವಸ್ತುವಿನ ಮೇಲೂ ಮಗುವಿನ ಹೆಸರು ಹಿರಗಾನ ಎಂಬ ಜಪಾನಿ ಲಿಪಿಯಲ್ಲಿ ಬರೆದಿರಬೇಕು. ಪ್ರತಿ ವಸ್ತು ಅಂದರೆ ನಾನು ಪೆಟ್ಟಿಗೆ ಅಂದುಕೊಂಡೆ. ಅಲ್ಲ. ಪ್ರತಿ ಕಡ್ಡಿ. ಪ್ರತಿ ಬಿಲ್ಲೆ. ಈ ಕಾಸು ನೋಡಿ, ನನ್ನ ಕಿರುಬೆರಳಿನ ಉಗುರಿನಷ್ಟಿದೆ, ಇದರ ಮೇಲೂ ಹೆಸರು ಬೇಕಂತೆ. ನಮ್ಮ ಮನೆ ಸ್ಟೀಲ್ ಪಾತ್ರೆಗಳ ಮೇಲೆ ಅಜ್ಜಿ ಹೆಸರು ಕೆತ್ತಿಸಿದ್ದು ನೆನಪಾಗುತ್ತದೆ. ಅವರಾದರೂ ಚಮಚ ಬಿಟ್ಟಿದ್ದರು.

ಇದಕ್ಕೆ ಅಂತಲೇ ಹೆಸರಿನ ಸ್ಟಿಕ್ಕರ್ ಸಿಗುತ್ತದೆ. ಆರ್ಡರ್ ಕೊಟ್ಟರೆ ಅಚ್ಚು ಹಾಕಿ ಮನೆಗೆ ಕಳಿಸುತ್ತಾರೆ. ಬಂತು. ಇಗೋ. 384 ಸ್ಟಿಕ್ಕರ್, 2,200 ಯೆನ್. ನಮ್ಮ ದುಡ್ಡಿನಲ್ಲಿ ಸಾವಿರದ ಇನ್ನೂರು ರೂಪಾಯಿ ಹತ್ತಿರ. ಮೂಲೆಯಲ್ಲಿ ಮೊಲದ ಚಿತ್ರ ಬೇಕು ಅಂತ ಸಹನಾ ಹಟ ಮಾಡಿದ್ದಳು. ಮೊಲ ಸರಿಯಾಗಿ ಬಂದಿದೆ.

ಹೆಸರು ಬಂದಿಲ್ಲ.

ಹತ್ತಿರದಿಂದ ತೋರಿಸುತ್ತೇನೆ, ಫೋಕಸ್ ಆಗಲಿ. ಸಹನಾ ಅಂತ ಬರೆಯಲು ಮೂರು ಅಕ್ಷರ ಸಾಕು. ಸ, ಹ, ನ. ಮೊದಲನೆಯದು ಸ. ಮೇಲೊಂದು ಅಡ್ಡ ಗೀಟು, ಅದನ್ನು ದಾಟಿ ಒಂದು ಓರೆ ಗೀಟು, ಕೆಳಗೊಂದು ಹೊಟ್ಟೆ. ಹೊಟ್ಟೆ ಎಡಕ್ಕೆ ಉಬ್ಬಿದರೆ ಸ. ಬಲಕ್ಕೆ ಉಬ್ಬಿದರೆ ಚಿ. ಕನ್ನಡಿಯಲ್ಲಿ ನೋಡಿದ ಹಾಗೆ. ಆರ್ಡರ್ ಫಾರಂ ಕೈಯಲ್ಲಿ ತುಂಬಬೇಕಿತ್ತು. ನಾನು ತುಂಬಿದೆ. ರಾತ್ರಿ ಹನ್ನೊಂದು ಗಂಟೆಗೆ ತುಂಬಿದೆ. ಹೊಟ್ಟೆ ಬಲಕ್ಕೆ ಉಬ್ಬಿಸಿದೆ.

ಹಾಗಾಗಿ ನನ್ನ ಮಗಳು ಈಗ 384 ಕಡೆ ಚಿಹನಾ. ಅಂಗಡಿಯವರಿಗೂ ಅನುಮಾನ ಬರಲಿಲ್ಲ, ಯಾಕೆಂದರೆ ಚಿಹನಾ ಅಂತ ಇಲ್ಲಿ ನಿಜವಾಗಲೂ ಹೆಣ್ಣುಮಕ್ಕಳಿಗೆ ಹೆಸರಿಡುತ್ತಾರೆ. ಸುಮಾರು ಚೆನ್ನಾಗಿಯೇ ಇದೆ ಹೆಸರು. ನಮ್ಮ ಯಜಮಾನರು, ಪ್ರಸನ್ನ ಅವರು, ನೋಡಿ, "ಬಿಡು, ಹೆಸರೇ ಬದಲಾಯಿಸಿಬಿಡೋಣ, ಅದು ಸ್ಟಿಕ್ಕರ್‌ಗಿಂತ ಅಗ್ಗ" ಅಂದರು. ನಗು ಬರಲಿಲ್ಲ. ಫಾರಂ ನೀವೇ ತುಂಬಬೇಕಿತ್ತು ರೀ, ಅಂದೆ. ಅವರಿಗೆ ಸ ಮತ್ತು ಚಿ ಎರಡೂ ಬರೆಯಲು ಬರುವುದಿಲ್ಲ, ಅದು ಬೇರೆ ವಿಷಯ.

ಈಗ ಪೆನ್ ತಗೊಂಡು ಕೈಯಲ್ಲೇ ಬರೆಯುತ್ತಿದ್ದೇನೆ. ಕಡ್ಡಿ ಬರೆಯುವುದನ್ನು ಎಲ್ಲ ತೋರಿಸುವುದಿಲ್ಲ, ಫಾಸ್ಟ್ ಮಾಡಿ ಹಾಕುತ್ತೇನೆ. ಅಷ್ಟರಲ್ಲಿ ಮಾತಾಡೋಣ.

ಈ ಲಿಪಿಯ ಮೇಲೆ ನನಗೆ ಮೊದಲಿನಿಂದಲೂ ಸಿಟ್ಟು. ನಾವು ಕನ್ನಡದವರು, ಕಾಗುಣಿತ ಕಲಿತವರು. ಕ ಬರೆಯಲು ಬಂದರೆ ಆಯಿತು. ಗುಡಿಸು ಕೊಟ್ಟರೆ ಕಿ, ಕೊಂಬು ಕೊಟ್ಟರೆ ಕು. ಒಂದು ಸಂಸಾರದವರು ಅಂತ ಮುಖ ನೋಡಿದರೆ ಗೊತ್ತಾಗುತ್ತದೆ. ಇಲ್ಲಿ ಹಾಗಿಲ್ಲ. ಒಂದು ಉಚ್ಚಾರಕ್ಕೆ ಒಂದು ಚಿಹ್ನೆ, ಅಷ್ಟೇ. ಕ ಒಂದು ಥರ, ಕಿ ಇನ್ನೊಂದು ಥರ, ಕು ಬರೀ ಒಂದು ಮೂಲೆ. ಮೂರಕ್ಕೂ ಸಂಬಂಧವೇ ಇಲ್ಲ. ಯಾಕೆ ಅಂದರೆ ಒಂದೊಂದೂ ಬೇರೆ ಬೇರೆ ಚೀನೀ ಅಕ್ಷರದಿಂದ ಬಂದಿದೆ. ಸಾವಿರಕ್ಕೂ ಹೆಚ್ಚು ವರ್ಷದ ಹಿಂದೆ, ಅರ್ಥ ಪಕ್ಕಕ್ಕಿಟ್ಟು ಉಚ್ಚಾರಕ್ಕೆ ಮಾತ್ರ ಚೀನೀ ಅಕ್ಷರ ಬಳಸುತ್ತಿದ್ದರು. ಅವಸರದಲ್ಲಿ ಬರೆದು ಬರೆದು ಅವು ಸವೆದು ಹಿರಗಾನ ಆಯಿತು. ಕ ಬಂದದ್ದು ಕೂಡಿಸು ಎಂಬ ಅರ್ಥದ ಅಕ್ಷರದಿಂದ, ಕು ಬಂದದ್ದು ಬಹಳ ಕಾಲ ಎಂಬ ಅರ್ಥದ ಅಕ್ಷರದಿಂದ. ಮುಖ ಹೋಲಲಿ ಅಂದರೆ ಎಲ್ಲಿಂದ ಹೋಲಬೇಕು?

ಪೆದ್ದು ಲಿಪಿ ಅಂತಲೇ ಹೇಳಿಕೊಂಡು ತಿರುಗುತ್ತಿದ್ದೆ. ಈಗ ಅಷ್ಟು ಜೋರಾಗಿ ಹೇಳುವುದಿಲ್ಲ. ಸಹನಾ ಐದು ವರ್ಷಕ್ಕೇ ಬಸ್ ಸ್ಟಾಪಿನ ಹೆಸರು ಓದಲು ಶುರು ಮಾಡಿದಳು. ಮೂಲ ಅಕ್ಷರ 46. ಕಂಡದ್ದನ್ನು ಹಾಗೇ ಕೂಗಿದರೆ ಮುಗಿಯಿತು. ಒತ್ತಕ್ಷರ ಇಲ್ಲ. ಅದೇ ಮಗು ಕನ್ನಡದಲ್ಲಿ ಅಕ್ಕ ಅನ್ನುವಲ್ಲಿ ಕೆಳಗಿನ ಕ ನೋಡಿ, "ಅಮ್ಮ, ಇದು ಯಾಕೆ ಬಿದ್ದಿದೆ?" ಅಂತ ಕೇಳುತ್ತಾಳೆ. ಏನು ಹೇಳಲಿ?

ಒಂದು ನಿಮಿಷ, ಪೆನ್ ಹರಡುತ್ತಿದೆ. ಈ ಬಿಲ್ಲೆ ಮೇಲೆ ಶಾಯಿ ನಿಲ್ಲುತ್ತಿಲ್ಲ. ಒರೆಸಿ ಮತ್ತೆ ಬರೆಯುತ್ತೇನೆ.

ಹಾಂ, ಸ್ನಾನದ ಮನೆ. ಇದನ್ನು ತೋರಿಸಲೇಬೇಕು. ಗೋಡೆ ಮೇಲೆ ಅಂಟಿದೆಯಲ್ಲ, ಅದು ಹಿರಗಾನ ಚಾರ್ಟ್. ನೂರು ಯೆನ್ ಅಂಗಡಿಯಲ್ಲಿ ತಗೊಂಡೆ, ತೆರಿಗೆ ಸೇರಿ 110. ಅಂಟು ಬೇಡ, ನೀರು ಹಾಕಿದರೆ ಗೋಡೆಗೆ ಕಚ್ಚಿಕೊಳ್ಳುತ್ತದೆ. ತೊಟ್ಟಿಯಲ್ಲಿ ಕೂತ ಮಗು ಬೇರೆ ದಾರಿಯಿಲ್ಲದೆ ಓದುತ್ತದೆ. ಬಲಗಡೆಯಿಂದ ಶುರು, ಮೇಲಿನಿಂದ ಕೆಳಕ್ಕೆ. ನಾನು ಮೊದಲ ವಾರ ಎಡಗಡೆಯಿಂದ ಓದಿಕೊಂಡು ಗೊಂದಲ ಮಾಡಿಕೊಂಡಿದ್ದೆ.

ಈಗ ಕೇಳಿ. ಮೊದಲ ಸಾಲು ಅ, ಇ, ಉ, ಎ, ಒ. ಆಮೇಲೆ ಕ, ಸ, ತ, ನ, ಹ, ಮ, ಯ, ರ, ವ. ಎಲ್ಲೋ ಕೇಳಿದ ಹಾಗಿದೆ, ಅಲ್ವಾ? ನಮ್ಮ ವರ್ಣಮಾಲೆಯೇ. ಗಂಟಲಿನಿಂದ ಹೊರಟು ತುಟಿಯವರೆಗೆ ಬರುವ ಅದೇ ಕ್ರಮ. ಬೌದ್ಧ ಭಿಕ್ಷುಗಳು ಮಂತ್ರ ಸರಿಯಾಗಿ ಹೇಳಲು ಸಂಸ್ಕೃತ ಅಕ್ಷರಾಭ್ಯಾಸ ಮಾಡುತ್ತಿದ್ದರು. ಸಿದ್ಧಂ ಅಂತ ಆ ಲಿಪಿ, ಅದೂ ಬ್ರಾಹ್ಮಿಯ ಮರಿಮಗು, ಕನ್ನಡ ಲಿಪಿಯ ಹಾಗೆ. 806ರಲ್ಲಿ ಚೀನಾದಿಂದ ಮರಳಿದ ಕೂಕಾಯ್ ಎಂಬ ಭಿಕ್ಷು ಅದರ ಪುಸ್ತಕಗಳನ್ನೂ ತಂದರು. ಆ ಓದಿನಿಂದಲೇ ಈ ಚಾರ್ಟಿನ ಕ್ರಮ ಬೆಳೆದದ್ದು. ಇವತ್ತಿಗೂ ಇಲ್ಲಿ ಕೆಲವು ಸ್ಮಶಾನಗಳಲ್ಲಿ ಮರದ ಹಲಗೆ ಮೇಲೆ ಸಿದ್ಧಂ ಅಕ್ಷರ ಬರೆದಿರುತ್ತಾರೆ. ಅಂದರೆ ಅಚ್ಚು ಇವರದು, ಸಾಲಾಗಿ ನಿಲ್ಲಿಸಿದ ರೀತಿ ನಮ್ಮ ಕಡೆಯದು.

ಆದರೆ ನನಗೆ ಒಂದು ಕಡೆ ತಡೆಯಿತು. ನ ಆದಮೇಲೆ ಪ ಬರಬೇಕು. ಪ, ಆಮೇಲೆ ಮ. ಇಲ್ಲಿ ಪ ಜಾಗದಲ್ಲಿ ಹ ಕೂತಿದೆ. ಇನ್ನೂ ವಿಚಿತ್ರ ಅಂದರೆ, ಅದೇ ಹ ಅಕ್ಷರದ ತಲೆ ಮೇಲೆ ಎರಡು ಗೀಟು ಹಾಕಿದರೆ ಬ, ಪುಟ್ಟ ಸೊನ್ನೆ ಹಾಕಿದರೆ ಪ. ಹ ಎಲ್ಲಿ, ಪ ಎಲ್ಲಿ! ಪಾಠ ಹೇಳಿದವರು ಬಾಯಿಪಾಠ ಮಾಡಿ ಅಂದರು, ಮಾಡಿದೆ.

ಇದನ್ನು ಬಿಡಿಸಿದ್ದು ನಮ್ಮ ಮಾವ. ತೀರ್ಥಹಳ್ಳಿಯಲ್ಲಿ ಕನ್ನಡ ಮೇಷ್ಟ್ರಾಗಿದ್ದವರು, ಈಗ ರಿಟೈರ್ ಆಗಿದ್ದಾರೆ. ವೀಡಿಯೋ ಕಾಲ್‌ನಲ್ಲಿ ಸಹನಾ ಚಾರ್ಟ್ ತೋರಿಸುತ್ತಿದ್ದಳು. ನಾನು ಹಿಂದಿನಿಂದ, "ನೋಡಿ ಮಾವ, ಪ ಇರಬೇಕಾದ ಕಡೆ ಹ ಇಟ್ಟಿದ್ದಾರೆ" ಅಂದೆ. ಅವರು ಕನ್ನಡಕ ಸರಿ ಮಾಡಿಕೊಂಡು, "ಅದರಲ್ಲೇನಮ್ಮಾ ವಿಚಿತ್ರ? ನೀನು ಬೆಳಿಗ್ಗೆ ಕುಡಿಯೋದು ಹಾಲು ತಾನೇ? ಹಿಂದೆ ಅದು ಪಾಲು" ಅಂದರು.

ಪಾಲು ಹಾಲಾಯಿತು, ಪುಲಿ ಹುಲಿಯಾಯಿತು, ಪಂದಿ ಹಂದಿಯಾಯಿತು. ಹೈಸ್ಕೂಲಿನಲ್ಲಿ ಓದಿದ್ದೇ. ಜಪಾನಿಯಲ್ಲೂ ಅದೇ ಆಗಿದೆ. ಈ ಸಾಲನ್ನು ಹಿಂದೊಮ್ಮೆ ಪ ಅಂತಲೇ ಹೇಳುತ್ತಿದ್ದರು. ಆಮೇಲೆ ತುಟಿ ಸಡಿಲಾಗಿ ಫ, ಕೊನೆಗೆ ಹ. ಬಾಯಿ ಬದಲಾಯಿತು, ಚಾರ್ಟಿನಲ್ಲಿ ಜಾಗ ಮಾತ್ರ ಬದಲಾಗಲಿಲ್ಲ. ಹನಾ ಅಂದರೆ ಇಲ್ಲಿ ಹೂವು. ಬಹಳ ಹಿಂದೆ ಅದು ಪನಾ. ನಮ್ಮ ಹೂ ಹಿಂದೆ ಪೂ. ಮೈ ಜುಮ್ಮಂದಿತು ನನಗೆ. ಹಾಗಂತ ಜಪಾನಿ ಭಾಷೆ ಕನ್ನಡದಿಂದ ಹುಟ್ಟಿತು ಅಂತ ವಾಟ್ಸಾಪ್‌ನಲ್ಲಿ ಹರಡಬೇಡಿ, ದಯವಿಟ್ಟು. ಎರಡೂ ಕಡೆ ತುಟಿಗೆ ಸೋಮಾರಿತನ, ಅಷ್ಟೇ.

ಮಾವನಿಗೆ ಒಂದು ಒಗಟು ಹೇಳಿದೆ, ಇಲ್ಲಿನ 16ನೇ ಶತಮಾನದ್ದು. ಅಮ್ಮನ ಜೊತೆ ಎರಡು ಸಲ ಸೇರುತ್ತದೆ, ಅಪ್ಪನ ಜೊತೆ ಒಂದು ಸಲವೂ ಇಲ್ಲ. ಉತ್ತರ ತುಟಿ. ಈಗ ಅಮ್ಮನಿಗೆ ಹಹಾ, ಅಪ್ಪನಿಗೆ ಚಿಚಿ. ಹಹಾ ಅನ್ನುವಾಗ ತುಟಿ ಎಲ್ಲಿ ಸೇರುತ್ತದೆ? ಸೇರುವುದಿಲ್ಲ. ಆಗ ಅದು ಫಫಾ ಥರ ಕೇಳುತ್ತಿತ್ತು, ಅದಕ್ಕೇ ಒಗಟು ಕೂರುತ್ತಿತ್ತು. ಮಾವ ಎರಡು ಸಲ ಫಫಾ ಅಂದು ನೋಡಿಕೊಂಡರು. ಅತ್ತೆ ಒಳಗಿನಿಂದ, "ಏನು ಊದ್ತಾ ಇದ್ದೀರಿ?" ಅಂತ ಕೇಳಿದರು.

ಕಡ್ಡಿ ಎಷ್ಟಾಯಿತು? ಮೂವತ್ತೆರಡು. ಅಯ್ಯೋ.

ಸಹನಾ ಹೆಸರು ಈ ಲಿಪಿಗೆ ಅಳತೆ ತೆಗೆದು ಹೊಲಿದ ಹಾಗಿದೆ, ಕೊನೆಯ ದೀರ್ಘ ಒಂದು ಬಿಟ್ಟರೆ. ನನ್ನ ಹೆಸರಿನ ಪಾಡು ಕೇಳಿ. ಸುಷ್ಮಾ. ಬಿಡಿ ವ್ಯಂಜನ ಇಲ್ಲಿ ನ್ ಒಂದೇ. ಷ್ ಅಂತ ನಿಲ್ಲಿಸಲು ಆಗುವುದಿಲ್ಲ, ಅದರ ಬೆನ್ನಿಗೇ ಒಂದು ಸ್ವರ ಬೇಕೇ ಬೇಕು. ಹಾಗಾಗಿ ಸು, ಶು, ಮಾ. ಅದರಲ್ಲಿ ಶು ಅಂದರೆ ಶಿ ಬರೆದು ಪಕ್ಕದಲ್ಲಿ ಯು ಚಿಕ್ಕದಾಗಿ ಬರೆಯಬೇಕು. ಚಿಕ್ಕದಾಗಿ ಬರೆದರೆ ಮಾತ್ರ ಶು. ನನ್ನ ಬ್ಯಾಂಕಿನ ಕಂಪ್ಯೂಟರಿನಲ್ಲಿ ಚಿಕ್ಕ ಅಕ್ಷರವೇ ಇಲ್ಲ, ಎಲ್ಲ ಒಂದೇ ಗಾತ್ರ. ಪಾಸ್‌ಬುಕ್‌ನಲ್ಲಿ ನಾನು ಸು, ಶಿ, ಯು, ಮಾ. ಕೌಂಟರಿನಿಂದ "ಸುಶಿಯುಮಾ ಸಾಮಾ" ಅಂತ ಕೂಗಿದರು, ಸಾಮಾ ಅಂದರೆ ನಮ್ಮ 'ಅವರೇ' ಇದ್ದ ಹಾಗೆ. ಯಾರಪ್ಪಾ ಪಾಪ, ಸುಶಿ ಅಂತ ಹೆಸರು, ಅಂದುಕೊಂಡು ಕೂತಿದ್ದೆ. ಮೂರನೇ ಸಲ ಕೂಗಿದಾಗ ಎದ್ದೆ. ಮೀನು ಮುಟ್ಟದ ಮನೆಯಲ್ಲಿ ಹುಟ್ಟಿದವಳು ನಾನು.

ಪ್ರಸನ್ನ ಅವರದು ಪು, ರ, ಸ, ನ್, ನ. ಐದು. ನಗಬೇಡಿ, ನಾವೂ ಕಡಿಮೆ ಇಲ್ಲ. ಬಸ್ ಅನ್ನು ಬಸ್ಸು ಮಾಡಿದವರು, ಕಾರ್ ಅನ್ನು ಕಾರು ಮಾಡಿದವರು. ಇಲ್ಲಿ ಬಸು. ಕೊನೆಯಲ್ಲಿ ಒಂದು ಉ ಇಲ್ಲದಿದ್ದರೆ ನಮಗೂ ಸಮಾಧಾನ ಇಲ್ಲ.

ಇನ್ನೊಂದು ಇದೆ, ಬೇಗ ಹೇಳಿಬಿಡುತ್ತೇನೆ, ಬ್ಯಾಟರಿ ಕೆಂಪಾಗಿದೆ. ಕನ್ನಡ ಅಂತ ಇಲ್ಲಿ ಬರೆದರೆ ನಾಲ್ಕು ಅಕ್ಷರ. ಕ, ನ್, ನ, ದ. ಒಂದೊಂದಕ್ಕೂ ಒಂದೊಂದು ಚಪ್ಪಾಳೆ, ಆ ನ್ ಗೂ ಒಂದು. ಈಗ ಹೈಸ್ಕೂಲಿನ ಛಂದಸ್ಸು ನೆನಪು ಮಾಡಿಕೊಳ್ಳಿ. ಒತ್ತಕ್ಷರದ ಹಿಂದಿನ ಕ ಗುರು, ಎರಡು ಮಾತ್ರೆ. ನ್ನ ಒಂದು, ಡ ಒಂದು. ಒಟ್ಟು ನಾಲ್ಕು. ನಾವು ಪೇಪರಿನ ಮೇಲೆ ಗೀಟು ಹಾಕಿ ಲೆಕ್ಕ ಮಾಡುತ್ತಿದ್ದುದನ್ನು ಇವರು ಅಕ್ಷರದಲ್ಲೇ ಬರೆದಿಟ್ಟಿದ್ದಾರೆ. ಇದು ಒಳ್ಳೇ ಲಿಪಿ ಕಣ್ರೀ. ಸರಿ, ಒಪ್ಪಿದೆ.

ಒಪ್ಪಿದೆ ಅಂದ ತಕ್ಷಣ ಸಿಟ್ಟು ಬರುವ ವಿಷಯವೂ ನೆನಪಾಯಿತು. ಒಂದನೇ ಕ್ಲಾಸಿನಲ್ಲಿ ಇದರ ಜೊತೆ ಇನ್ನೊಂದು ಲಿಪಿ, ಕತಕಾನ, ಅದೂ 46. ಆಮೇಲೆ ಚೀನೀ ಅಕ್ಷರ 80. ಪ್ರೈಮರಿ ಆರು ವರ್ಷ ಮುಗಿಯುವಷ್ಟರಲ್ಲಿ 1,026. 46ರಲ್ಲಿ ಇಡೀ ಭಾಷೆ ಬರೆಯಬಹುದು ಅಂತ ಇದ್ದಮೇಲೆ ಇದೆಲ್ಲ ಯಾಕೆ ಬೇಕಿತ್ತು? ಕೇಳಿದರೆ ಬರೀ ಹಿರಗಾನದಲ್ಲಿ ಬರೆದರೆ ಪದ ಎಲ್ಲಿ ಶುರು, ಎಲ್ಲಿ ಮುಗಿಯಿತು ಗೊತ್ತಾಗುವುದಿಲ್ಲ ಅನ್ನುತ್ತಾರೆ. ನಡುವೆ ಜಾಗ ಬಿಡಿ ಸ್ವಾಮಿ! ಮಕ್ಕಳ ಪುಸ್ತಕದಲ್ಲಿ ಬಿಡುತ್ತೀರಲ್ಲ!

ಸರಿ, ಈಗ ಕಾಸು. ಒಂದು ಯೆನ್ನಿನ ಕಾಸಿನ ಮೇಲೆ ಮೂರು ಅಕ್ಷರ ಹಿಡಿಸುವುದಿಲ್ಲ. ಪಕ್ಕದ ಮನೆಯವರನ್ನು ಕೇಳಿದೆ, ಮೊದಲ ಅಕ್ಷರ ಒಂದೇ ಸಾಕು ಅಂದರು. ಸ ಮಾತ್ರ ಬರೆಯುತ್ತೇನೆ. ಹೊಟ್ಟೆ ಎಡಕ್ಕೆ. ಎಡಕ್ಕೆ. ನೀವೂ ನೋಡುತ್ತಿರಿ, ತಪ್ಪಿದರೆ ಹೇಳಿ... ನಾನೂ ಯಾರಿಗೆ ಹೇಳುತ್ತಿದ್ದೇನೆ, ಇದು ಲೈವ್ ಅಲ್ಲವಲ್ಲ.

ಚಿಹನಾ ಸ್ಟಿಕ್ಕರ್ ಬಿಸಾಡಿಲ್ಲ. ಅಡುಗೆಮನೆ ಡಬ್ಬಿಗಳಿಗೆ ಅಂಟಿಸಿದ್ದೇನೆ. ಹಿಂದೆ ಕಾಣುತ್ತಿದೆಯಲ್ಲ, ತೊಗರಿಬೇಳೆ ಚಿಹನಾ, ಸಾಸಿವೆ ಚಿಹನಾ, ಎಲ್ಲದಕ್ಕೂ ಮೊಲ. ಕುಕ್ಕರ್ ಎರಡನೇ ಸಲ ಕೂಗಿತು, ಅದು ಊರಿಂದ ತಂದದ್ದು, ಮೂರಕ್ಕೆ ಆಫ್ ಮಾಡಬೇಕು. ಸಹನಾ, ಆ ಬಿಲ್ಲೆ ಮುಟ್ಟಬೇಡ, ಶಾಯಿ ಒಣಗಿಲ್ಲ... ಸಹನಾ!