ಸಹಿಯ ಮೇಲೆ ನಿಂತ ದೇಶ

ಕೇಳುಗರೇ, ನಮಸ್ಕಾರ.

1918ರ ಸೆಪ್ಟೆಂಬರ್. ದಕ್ಷಿಣ ರಷ್ಯಾದ ಯೆಕಟೆರಿನೊಡಾರ್ ಪಟ್ಟಣ. ಮಾತುಕತೆಗೆ ಒಂದು ಕಡೆ ಕೂತವರು ಝಾರ್ ಕಾಲದ ದೊಡ್ಡ ಜನರಲ್‌ಗಳು, ಅಲೆಕ್ಸೆಯೆವ್ ಮತ್ತು ಡೆನಿಕಿನ್. ಎದುರಿಗೆ ಜಾರ್ಜಿಯಾದ ಪರವಾಗಿ 37 ವರ್ಷದ ಒಬ್ಬ ವಕೀಲರು, ಎವ್ಗೆನಿ ಗೆಗೆಚ್ಕೋರಿ. ಅವರ ದೇಶ ಸ್ವತಂತ್ರವಾಗಿ ಆಗಿನ್ನೂ ನಾಲ್ಕು ತಿಂಗಳು. ಕಪ್ಪು ಸಮುದ್ರದ ದಡದ ಸೋಚಿ ಬಿಟ್ಟುಕೊಡಿ ಅಂದರು ಜನರಲ್‌ಗಳು. ಗೆಗೆಚ್ಕೋರಿ ಒಪ್ಪಲಿಲ್ಲ. ಮಾತುಕತೆ ಮುರಿದುಬಿತ್ತು.

ಬೆನ್ನ ಹಿಂದೆ ದೊಡ್ಡ ಸೈನ್ಯ ಇಲ್ಲದೆ ಹಾಗೆ ಕೂರೋಕೆ ಎಷ್ಟು ಧೈರ್ಯ ಬೇಕು, ಅಲ್ವಾ?

ಅವರು ಹುಟ್ಟಿದ್ದು ಪಶ್ಚಿಮ ಜಾರ್ಜಿಯಾದ ಮಾರ್ಟ್‌ವಿಲಿಯಲ್ಲಿ. ಕಾನೂನು ಓದಿದ್ದು ಮಾಸ್ಕೋದಲ್ಲಿ. ಸಮಾಜವಾದಿಗಳಲ್ಲಿ ಅವರು ಮೆನ್ಶೆವಿಕ್, ಅಂದರೆ ಲೆನಿನ್ ಗುಂಪಿಗೆ ಎದುರು ಬಣ. 1907ರಿಂದ 1912ರವರೆಗೆ ರಷ್ಯಾದ ಸಂಸತ್ತಾದ ಡೂಮಾದಲ್ಲಿ ಸದಸ್ಯರಾಗಿದ್ದರು. 1917ರ ನವೆಂಬರ್‌ನಲ್ಲಿ ಲೆನಿನ್ ಗುಂಪಾದ ಬೋಲ್ಶೆವಿಕರು ಅಧಿಕಾರ ಹಿಡಿದಾಗ ಕಾಕಸಸ್‌ನ ದಕ್ಷಿಣ ಭಾಗ ಅವರಿಗೆ ತಲೆಬಾಗಲಿಲ್ಲ. ಜಾರ್ಜಿಯಾದ ಮುಖ್ಯ ನಗರ ಟಿಬಿಲಿಸಿಯಲ್ಲಿ ಬೇರೆಯೇ ಆಡಳಿತ ಎದ್ದಿತು. ಅದರ ಮುಖ್ಯಸ್ಥರು ಗೆಗೆಚ್ಕೋರಿ. ಮುಂದೆ ಸ್ವತಂತ್ರ ಜಾರ್ಜಿಯಾಕ್ಕೆ ವಿದೇಶಾಂಗ ಮಂತ್ರಿಯಾದರು.

ಅಲ್ಲಿಂದಾಚೆ ಅವರ ಕೆಲಸವೆಲ್ಲ ಸಹಿ, ಮುದ್ರೆ, ಮಾನ್ಯತೆ. 1920ರ ಮೇ 7ರಂದು ಸೋವಿಯತ್ ರಷ್ಯಾ ಒಪ್ಪಂದಕ್ಕೆ ಸಹಿ ಹಾಕಿತು. ಜಾರ್ಜಿಯಾ ಸ್ವತಂತ್ರ, ನಾವು ತಲೆ ಹಾಕುವುದಿಲ್ಲ ಎಂದು ಮಾತು ಕೊಟ್ಟಿತು. 1921ರ ಜನವರಿಯಲ್ಲಿ ಬ್ರಿಟನ್, ಫ್ರಾನ್ಸ್ ಕೂಡ ಮಾನ್ಯತೆ ಕೊಟ್ಟವು. ಮರುತಿಂಗಳೇ ಅದೇ ಸೋವಿಯತ್ ರಷ್ಯಾದ ಕೆಂಪು ಸೇನೆ ಗಡಿ ದಾಟಿತು. ಮಾನ್ಯತೆ ಕೊಟ್ಟ ಯಾರೂ ಸೈನ್ಯ ಕಳಿಸಲಿಲ್ಲ. ಇದನ್ನು ಓದುವಾಗ ನನಗೆ ಇವತ್ತಿಗೂ ಹೊಟ್ಟೆ ಉರಿಯುತ್ತದೆ.

ಆ ದಿನಗಳಲ್ಲೇ ಇನ್ನೊಂದು ಕೆಲಸ ಆಯಿತು. ಶತ್ರು ಬಾಗಿಲಿಗೆ ಬಂದಿದ್ದಾಗ, ಫೆಬ್ರವರಿ 21ರಂದು, ಸಂವಿಧಾನ ಸಭೆ ದೇಶದ ಸಂವಿಧಾನವನ್ನು ಅಂಗೀಕರಿಸಿತು. ಅದರಲ್ಲಿ ಮರಣದಂಡನೆ ಇಲ್ಲ. ಹೆಣ್ಣಿಗೂ ಗಂಡಿಗೂ ಸಮಾನ ಹಕ್ಕು. ನಾಲ್ಕೇ ದಿನಕ್ಕೆ ಟಿಬಿಲಿಸಿ ಬಿತ್ತು.

ಮಾರ್ಚ್‌ನಲ್ಲಿ ಸರ್ಕಾರ ಬಟೂಮಿಯಿಂದ ಹಡಗು ಹತ್ತಿತು. ಗೆಗೆಚ್ಕೋರಿ ಫ್ರಾನ್ಸ್ ಸೇರಿದರು. ಅವರದೇ ಮನೆತನದ ನೀನೋ ಎಂಬ ಹುಡುಗಿ ಮದುವೆಯಾದದ್ದು ಸ್ಟಾಲಿನ್ನನ ಗುಪ್ತ ಪೊಲೀಸರ ಮುಖ್ಯಸ್ಥನಾದ ಬೆರಿಯಾನನ್ನು. ಇತ್ತ ಈ ಹಿರಿಯರು ಪ್ಯಾರಿಸ್‌ನಲ್ಲಿ ಊರು ಬಿಟ್ಟವರ ಸರ್ಕಾರವನ್ನು ಕಾಪಾಡುತ್ತಿದ್ದರು. 1953ರಲ್ಲಿ ಅದರ ಮುಖ್ಯಸ್ಥರಾದರು, ಮರುವರ್ಷ ಅಲ್ಲೇ ತೀರಿಕೊಂಡರು. ಮತ್ತೆ ಜಾರ್ಜಿಯಾ ನೋಡಲಿಲ್ಲ.

ಇವತ್ತಿನ ಜಾರ್ಜಿಯಾದ ಸಂವಿಧಾನ 1995ರದ್ದು. ಅದರ ಪೀಠಿಕೆಯಲ್ಲಿ 1921ರ ಆ ಸಂವಿಧಾನದ ಹೆಸರಿದೆ.

ನಮಸ್ಕಾರ.